ರೋಸ್‌ಮೇರಿ ಸಟ್‌ಕ್ಲಿಫ್ ಮತ್ತು ಕಳೆದುಹೋದ ಹದ್ದು

ಇಲ್ಲಿ ಬರೆಯದೆ ಬಹಳ ದಿನ ಆಯ್ತು. ಕಾರಣ ಸೋಮಾರಿತನ ಅಲ್ಲ (ಅದೂ ಇದೆ ಅನ್ನಿ :) ). ಮಳೆಯಲ್ಲಿ ಬೈಕ್ ಜಾರಿ ಎಡಗಾಲಿನ ಮೂಳೆ ಮುರಿದು, ಆರು ವಾರ ಪ್ಲಾಸ್ಟರ್ ಹಾಕಿಕೊಂಡು ಮಲಗಿದ್ದೆ. ಮೊದಲ ವಾರ ಎಲ್ಲರೂ ಬಂದು ಮಾತಾಡಿಸಿ ಹೋದರು. ಎರಡನೇ ವಾರದಿಂದ ಫ್ಯಾನು, ಗೋಡೆ, ನಾನು, ಅಷ್ಟೇ. ಒಂದು ಸಂಜೆ ರೂಮ್‌ಮೇಟ್ ಚರ್ಚ್ ಸ್ಟ್ರೀಟಿನ ಹಳೇ ಪುಸ್ತಕದಂಗಡಿಯಿಂದ ಒಂದು ಮಾಸಲು ಪುಸ್ತಕ ತಂದು ಹಾಸಿಗೆ ಮೇಲೆ ಎಸೆದ. "ತಗೋ, ನಿನ್ ಹಾಗೇ ಕಾಲು ಮುರ್ಕೊಂಡೋನ ಕಥೆ ಅಂತೆ" ಅಂದ. ಬೆನ್ನಿನ ಮೇಲೆ ಬರೆದಿದ್ದನ್ನು ಓದಿ ತಮಾಷೆಗೆ ತಂದಿದ್ದ ಅಷ್ಟೇ.

ಪುಸ್ತಕ 'ದಿ ಈಗಲ್ ಆಫ್ ದಿ ನೈನ್ತ್'. ಬರೆದವರು ರೋಸ್‌ಮೇರಿ ಸಟ್‌ಕ್ಲಿಫ್. ಮೊದಲ ಸಲ ಅಚ್ಚಾಗಿದ್ದು 1954ರಲ್ಲಿ. ಮಕ್ಕಳ ಪುಸ್ತಕ ಅಂತ ತಿಳಿದಾಗ ಸ್ವಲ್ಪ ಬೇಜಾರೇ ಆಯ್ತು. ಬೇರೆ ಏನೂ ಇಲ್ಲದ್ದಕ್ಕೆ ಓದಿದೆ. ಓದಿ ಮುಗಿಸಿದ ಮೇಲೆ ಆಕೆ ಯಾರು ಅಂತ ಹುಡುಕಿದೆ. ಆಕೆಯ ಬದುಕು ಗೊತ್ತಾದ ಮೇಲೆ ಪುಸ್ತಕವನ್ನು ಇನ್ನೊಂದು ಸಲ ಓದಿದೆ. ಎರಡನೇ ಸಲ ಓದಿದ್ದು ಬೇರೆಯೇ ಪುಸ್ತಕ ಅನ್ನಿಸಿತು. ಅದನ್ನೇ ಹೇಳೋಣ ಅಂತ ಇಷ್ಟು ಪೀಠಿಕೆ.

ಸಟ್‌ಕ್ಲಿಫ್ ಹುಟ್ಟಿದ್ದು 1920ರ ಡಿಸೆಂಬರ್ 14ರಂದು, ಇಂಗ್ಲೆಂಡಿನ ಸರ್ರೆ ಪ್ರಾಂತ್ಯದ ಈಸ್ಟ್ ಕ್ಲಾಂಡನ್ ಎಂಬ ಹಳ್ಳಿಯಲ್ಲಿ. ಅಪ್ಪ ನೌಕಾಪಡೆಯ ಅಧಿಕಾರಿ. ಹಾಗಾಗಿ ಬಾಲ್ಯವೆಲ್ಲ ಅಪ್ಪನ ವರ್ಗಾವಣೆಯ ಹಿಂದೆ: ಮಾಲ್ಟಾ ದ್ವೀಪ, ಆಮೇಲೆ ಇಂಗ್ಲೆಂಡಿನ ಹಡಗುಕಟ್ಟೆಗಳ ಊರುಗಳು. ತೀರಾ ಚಿಕ್ಕ ವಯಸ್ಸಿನಲ್ಲೇ, ಎರಡು ವರ್ಷದ ಆಸುಪಾಸಿನಲ್ಲಿ, ಸ್ಟಿಲ್ಸ್ ಕಾಯಿಲೆ ಬಂತು. ಮಕ್ಕಳಿಗೆ ಬರುವ ಒಂದು ಬಗೆಯ ಸಂಧಿವಾತ ಅದು. ಕೀಲುಗಳು ಊದಿಕೊಂಡು, ಬಿಗಿದು, ಕ್ರಮೇಣ ಸೊಟ್ಟಗಾಗುತ್ತವೆ. ಈಗಿನ ಹಾಗೆ ಔಷಧಿಗಳು ಆಗ ಇರಲಿಲ್ಲ. ಆಸ್ಪತ್ರೆ, ಶಸ್ತ್ರಚಿಕಿತ್ಸೆ, ಮತ್ತೆ ಮನೆ, ಮತ್ತೆ ಆಸ್ಪತ್ರೆ. ಕೈಕಾಲು ಕೊನೆಗೂ ಸರಿಹೋಗಲಿಲ್ಲ. ಬದುಕಿನ ಬಹುಭಾಗ ಗಾಲಿಕುರ್ಚಿಯಲ್ಲೇ ಕಳೆಯಿತು.

ಶಾಲೆಗೆ ಸರಿಯಾಗಿ ಹೋಗಲಾಗದ ಮಗಳಿಗೆ ಅಮ್ಮನೇ ಮೇಷ್ಟ್ರು. ಅಮ್ಮ ಗಟ್ಟಿಯಾಗಿ ಓದಿ ಹೇಳುತ್ತಿದ್ದರು. ಡಿಕನ್ಸ್, ಕೆಲ್ಟಿಕ್ ಮತ್ತು ಸ್ಯಾಕ್ಸನ್ ದಂತಕಥೆಗಳು, ಮುಖ್ಯವಾಗಿ ಕಿಪ್ಲಿಂಗ್. ಇದರಿಂದ ಒಂದು ವಿಚಿತ್ರ ಪರಿಣಾಮ ಆಯ್ತು. ಹುಡುಗಿ ಒಂಬತ್ತು ವರ್ಷ ಆಗುವವರೆಗೂ ಓದಲು ಕಲಿಯಲೇ ಇಲ್ಲ! ಅಷ್ಟು ಚೆನ್ನಾಗಿ ಓದಿ ಹೇಳುವವರು ಪಕ್ಕದಲ್ಲೇ ಇರುವಾಗ, ಬೆಕ್ಕು ಚಾಪೆಯ ಮೇಲೆ ಕೂತಿತು ಅನ್ನೋ ತರಹದ ಪಾಠವನ್ನು ತಡವರಿಸಿಕೊಂಡು ಓದುವ ಕರ್ಮ ಯಾರಿಗೆ ಬೇಕು? ಕೊನೆಗೆ ಚಾಥಮ್ ಊರಿನಲ್ಲಿ ವಯಸ್ಸಾದ ಮಹಿಳೆಯೊಬ್ಬರು ನಡೆಸುತ್ತಿದ್ದ ಪುಟ್ಟ ಶಾಲೆಯಲ್ಲಿ ಅದು ಹೇಗೋ ಹತ್ತಿತು.

ನನ್ನ ಅಜ್ಜಿಗೂ ಓದು ಬರುತ್ತಿರಲಿಲ್ಲ, ಆದರೆ ಗಮಕ ಕೇಳಿ ಕೇಳಿ ಅರ್ಧ ಭಾರತ ಬಾಯಿಗೆ ಬರುತ್ತಿತ್ತು. ಸಟ್‌ಕ್ಲಿಫ್ ವಾಕ್ಯಗಳಲ್ಲಿ ಅದೇ ಕಿವಿಯ ಓದು ಇದೆ. ಗಟ್ಟಿಯಾಗಿ ಓದಿ ನೋಡಿ, ಗೊತ್ತಾಗುತ್ತೆ.

ಹದಿನಾಲ್ಕಕ್ಕೆ ಶಾಲೆ ಬಿಟ್ಟರು. ಓದಿನಲ್ಲಿ ಮುಂದೆ ಹೋಗುವ ಲಕ್ಷಣ ಇರಲಿಲ್ಲ, ಚಿತ್ರ ಮಾತ್ರ ಚೆನ್ನಾಗಿ ಬಿಡಿಸುತ್ತಿದ್ದರು. ಹಾಗಾಗಿ ಬಿಡ್‌ಫೋರ್ಡ್ ಕಲಾಶಾಲೆಗೆ ಸೇರಿಸಿದರು. ಅಲ್ಲಿ ಕಲಿತದ್ದು ಮುಗಿದ ಮೇಲೆ ಹಿರಿಯರು ಹೇಳಿದ್ದು: ದೊಡ್ಡ ಕ್ಯಾನ್ವಾಸ್ ನಿನ್ನ ಕೈಯಲ್ಲಿ ಆಗಲ್ಲ, ಕಿರುಚಿತ್ರ ಮಾಡು. ಅಂಗೈಗಿಂತ ಚಿಕ್ಕದಾದ ಭಾವಚಿತ್ರಗಳು. ಆಕೆ ಮಾಡಿದರು, ಚೆನ್ನಾಗಿಯೇ ಮಾಡಿದರು. ಕಿರುಚಿತ್ರಕಾರರ ರಾಯಲ್ ಸೊಸೈಟಿ ಆಕೆಯನ್ನು ಸದಸ್ಯೆಯನ್ನಾಗಿ ಆರಿಸಿಕೊಂಡಿತು. ಆದರೆ ಆ ಇಕ್ಕಟ್ಟಿನಲ್ಲಿ ಉಸಿರು ಕಟ್ಟುತ್ತಿತ್ತು ಅಂತ ಆಮೇಲೆ ಹೇಳಿಕೊಂಡಿದ್ದಾರೆ. ಮೈ ಇಕ್ಕಟ್ಟು, ಮನೆ ಇಕ್ಕಟ್ಟು, ಸಾಲದ್ದಕ್ಕೆ ಚಿತ್ರವೂ ಇಕ್ಕಟ್ಟು.

ಎರಡನೇ ಮಹಾಯುದ್ಧದ ಹೊತ್ತಿಗೆ ಬರೆಯಲು ಶುರು ಮಾಡಿದ್ದರು. ಬ್ರಿಟನ್ನಿನ ಹಳೆಯ ದಂತಕಥೆಗಳನ್ನು ತಮ್ಮ ಮಾತಿನಲ್ಲಿ ಬರೆದಿಟ್ಟಿದ್ದು ಹೇಗೋ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ ತಲುಪಿತು. ಅವರು ಅದನ್ನು ಬೇಡ ಅಂದರು, ಆದರೆ ಮಕ್ಕಳಿಗೆ ರಾಬಿನ್ ಹುಡ್ ಕಥೆ ಬರೆದುಕೊಡ್ತೀರಾ ಅಂತ ಕೇಳಿದರು. ಹಾಗೆ ಬಂದದ್ದು 1950ರ 'ದಿ ಕ್ರಾನಿಕಲ್ಸ್ ಆಫ್ ರಾಬಿನ್ ಹುಡ್'. ಅದೇ ವರ್ಷ ಇನ್ನೊಂದು, 1951ರಲ್ಲಿ ಒಂದು, 1952ರಲ್ಲಿ ಒಂದು. ಇವೆಲ್ಲ ಸ್ವಲ್ಪ ಸಕ್ಕರೆ ಜಾಸ್ತಿಯಾದ ಪಾಯಸ. 1953ರ 'ಸೈಮನ್'ನಲ್ಲಿ ಇಂಗ್ಲೆಂಡಿನ ಅಂತರ್ಯುದ್ಧದ ಕಥೆ ಹೇಳುವಾಗ ಸಕ್ಕರೆ ಕಡಿಮೆ ಆಗುತ್ತೆ. ಅದರ ಮುಂದಿನ ವರ್ಷ ಹದ್ದು.

ಈ ನಡುವೆ ಒಂದು ಪ್ರೇಮ ಪ್ರಸಂಗವೂ ನಡೆದಿತ್ತು. ಯುದ್ಧ ಮುಗಿಸಿ ಬಂದ ವಾಯುಪಡೆಯ ಒಬ್ಬ ಯುವಕ. ಆತ ಬೇರೆಯವರನ್ನು ಮದುವೆಯಾದ. ಸಟ್‌ಕ್ಲಿಫ್ ಮದುವೆಯಾಗಲೇ ಇಲ್ಲ. 1983ರಲ್ಲಿ ಬಂದ ಆತ್ಮಕಥನ 'ಬ್ಲೂ ರಿಮೆಂಬರ್ಡ್ ಹಿಲ್ಸ್'ನಲ್ಲಿ ಇದನ್ನು ಎಲ್ಲೂ ಗೋಳಾಡದೆ ಬರೆದಿದ್ದಾರೆ. ಆ ಪುಸ್ತಕ ಆಕೆ ಲೇಖಕಿಯಾಗುವ ಹೊತ್ತಿಗೆ ನಿಂತುಬಿಡುತ್ತೆ. ಆಮೇಲಿನದನ್ನು ಬೇಕಾದರೆ ನನ್ನ ಕಾದಂಬರಿಗಳಲ್ಲೇ ಹುಡುಕಿಕೊಳ್ಳಿ ಅನ್ನುವ ಹಾಗೆ.

ಈಗ ಹದ್ದಿನ ವಿಷಯ.

ರೋಮನ್ ಸೈನ್ಯದ ದೊಡ್ಡ ದಳಕ್ಕೆ ಲೀಜನ್ ಅಂತ ಹೆಸರು. ಸುಮಾರು 5000 ಜನ. ಪ್ರತಿ ಲೀಜನ್ನಿಗೂ ಕೋಲಿನ ತುದಿಯಲ್ಲಿ ಕೂರಿಸಿದ ಒಂದು ಹದ್ದಿನ ಲಾಂಛನ. ಸೈನಿಕರು ಸತ್ತರೂ ಪರವಾಗಿಲ್ಲ, ಹದ್ದು ಶತ್ರುವಿನ ಕೈಗೆ ಸಿಕ್ಕರೆ ಮಾನ ಹೋದ ಹಾಗೆ. ಕ್ರಿ.ಶ. 43ರಲ್ಲಿ ಬ್ರಿಟನ್ ಗೆಲ್ಲಲು ಬಂದ ಲೀಜನ್ನುಗಳಲ್ಲಿ ಒಂಬತ್ತನೆಯದೂ ಒಂದು, ಪೂರ್ತಿ ಹೆಸರು ಒಂಬತ್ತನೇ ಹಿಸ್ಪಾನಾ. ಬ್ರಿಟನ್ನಿನಲ್ಲಿ ಅದರ ಕೊನೆಯ ಖಚಿತ ಕುರುಹು ಯಾರ್ಕ್ ನಗರದ ಒಂದು ಶಾಸನ, ಕ್ರಿ.ಶ. 108ರ ಆಸುಪಾಸಿನದು. ಎರಡನೇ ಶತಮಾನದ ಕೊನೆಯ ಭಾಗದಲ್ಲಿ ಲೀಜನ್ನುಗಳ ಪಟ್ಟಿ ಮಾಡಿದಾಗ ಒಂಬತ್ತನೆಯದರ ಹೆಸರೇ ಇಲ್ಲ. ಇದು ಒಂದು ಎಳೆ.

ಇನ್ನೊಂದು ಎಳೆ: 1866ರಲ್ಲಿ ಸಿಲ್ಚೆಸ್ಟರ್ ಎಂಬಲ್ಲಿ ಹಳೆಯ ರೋಮನ್ ಊರನ್ನು ಅಗೆಯುವಾಗ ರೆಕ್ಕೆ ಇಲ್ಲದ ಒಂದು ಕಂಚಿನ ಹದ್ದು ಸಿಕ್ಕಿತು. ಈಗ ಅದು ರೆಡಿಂಗ್ ಮ್ಯೂಸಿಯಮ್ಮಿನಲ್ಲಿದೆ. ಆ ಊರಿಗೂ ಕಳೆದುಹೋದ ಲೀಜನ್ನಿಗೂ ಸಂಬಂಧ ಇರಲಿಲ್ಲ. ಹಾಗಾದರೆ ಹದ್ದು ಅಲ್ಲಿಗೆ ಹೇಗೆ ಬಂತು? ಸಟ್‌ಕ್ಲಿಫ್ ಈ ಎರಡು ಎಳೆ ಗಂಟು ಹಾಕಿದರು. ಲೀಜನ್ ಕ್ರಿ.ಶ. 117ರಲ್ಲಿ ಸ್ಕಾಟ್ಲೆಂಡಿನ ಮಂಜಿನಲ್ಲಿ ನಾಶವಾಯಿತು, ಯಾರೋ ಹದ್ದನ್ನು ವಾಪಸ್ ತಂದರು, ಸಿಲ್ಚೆಸ್ಟರಿನ ಒಂದು ಮನೆಯಲ್ಲಿ ಹೂತಿಟ್ಟರು ಅಂತ.

ಹದ್ದು ತರುವವನು ಮಾರ್ಕಸ್. ಒಂಬತ್ತನೇ ಲೀಜನ್ನಿನ ಜೊತೆ ಹೋಗಿ ವಾಪಸ್ ಬಾರದ ಅಧಿಕಾರಿಯ ಮಗ. ತಾನೂ ಸೆಂಚೂರಿಯನ್ ಆಗಿ ಬ್ರಿಟನ್ನಿಗೆ ಬರುತ್ತಾನೆ. ಮೊದಲ ಕಾಳಗದಲ್ಲೇ ರಥದ ಕೆಳಗೆ ಸಿಕ್ಕಿ ಕಾಲು ಜಜ್ಜಿಹೋಗುತ್ತದೆ. ಸೈನ್ಯದಿಂದ ಬಿಡುಗಡೆ, ನೌಕರಿ ಖತಂ. ಇಷ್ಟೂ ಆರಂಭದ ಕೆಲವೇ ಅಧ್ಯಾಯಗಳಲ್ಲಿ! ಬೇರೆಯವರಾಗಿದ್ದರೆ ಇಡೀ ಪುಸ್ತಕ ಮಾಡುತ್ತಿದ್ದರು ಇದನ್ನು. ಇಲ್ಲಿ ಕಥೆ ಶುರುವಾಗುವುದೇ ಇದಾದ ಮೇಲೆ. ಮಾರ್ಕಸ್ ಚಿಕ್ಕಪ್ಪನ ಮನೆಯಲ್ಲಿ ಮಲಗಿದ್ದಾನೆ. ಗಾಯ ಮಾಗುವುದಿಲ್ಲ. ಒಳಗೆ ಉಳಿದ ಚೂರುಗಳನ್ನು ತೆಗೆಯಲು ವೈದ್ಯ ಮತ್ತೆ ಕೊಯ್ಯಬೇಕು. ಆ ಭಾಗದಲ್ಲಿ ಚಾಕುವಿಗಿಂತ ಹಿಂದಿನ ದಿನದ ಕಾಯುವಿಕೆಗೆ ಜಾಗ ಜಾಸ್ತಿ. ನಾನು ಓದುತ್ತಿದ್ದ ಸ್ಥಿತಿಯಲ್ಲಿ ಅದು ಹೇಗೆ ನಾಟಿತು ಅಂತ ಹೇಳಬೇಕಿಲ್ಲ. ಆದರೆ ನನ್ನದು ಆರು ವಾರದ ಸಂಗತಿ. ಬರೆದವರದು ಎರಡನೇ ವಯಸ್ಸಿನಿಂದ. ಇದು ನನಗೆ ಮೊದಲ ಓದಿನಲ್ಲಿ ಗೊತ್ತಿರಲಿಲ್ಲ.

ಆಮೇಲೆ ಆತ ಎಸ್ಕಾ ಎಂಬ ಗುಲಾಮನ ಜೊತೆ ಗೋಡೆ ದಾಟಿ ಉತ್ತರಕ್ಕೆ ಹೋಗುತ್ತಾನೆ. ಗೋಡೆ ಅಂದರೆ ಹೇಡ್ರಿಯನ್ ಚಕ್ರವರ್ತಿ ಕ್ರಿ.ಶ. 122ರಲ್ಲಿ ಶುರುಮಾಡಿಸಿದ್ದು. ವೇಷ ಏನು ಗೊತ್ತೇ? ಕಣ್ಣಿನ ವೈದ್ಯ! ಊರೂರು ತಿರುಗಿ ಕಣ್ಣಿಗೆ ಮುಲಾಮು ಹಚ್ಚುವವನು. ಇದೂ ಗಾಳಿಯಿಂದ ಬಂದದ್ದಲ್ಲ, ಕಣ್ಣಿನ ಮುಲಾಮಿಗೆ ಒತ್ತುವ ರೋಮನ್ ಕಾಲದ ಮುದ್ರೆಗಳು ಬ್ರಿಟನ್ನಿನಲ್ಲಿ ಸಿಕ್ಕಿವೆ. ಹೀಗೆ ಮ್ಯೂಸಿಯಮ್ಮಿನ ಗಾಜಿನ ಪೆಟ್ಟಿಗೆಯ ಒಂದು ಚೂರನ್ನು ಎತ್ತಿಕೊಂಡು ಅದಕ್ಕೆ ಕೈಕಾಲು ಬರಿಸುವುದು ಆಕೆಯ ಕಸುಬು. ಮನಸ್ಸು ಬಂದಾಗೆಲ್ಲ ಗುಡ್ಡ ಹತ್ತಿ ಜಾಗ ನೋಡಿ ಬರುವ ಭಾಗ್ಯ ಆಕೆಗಿರಲಿಲ್ಲ. ಆದರೂ ಒದ್ದೆ ಪೊದೆಯ ವಾಸನೆ, ಕಾಲಿಗೆ ತಾಗುವ ಇಬ್ಬನಿ, ಬೆಟ್ಟ ಇಳಿಯುವಾಗ ಕುಂಟುಕಾಲಿನ ಮೇಲೆ ಬೀಳುವ ಭಾರ ಇವೆಲ್ಲ ಪುಟ ಪುಟದಲ್ಲೂ. ನಡೆಯುವುದು ಎಷ್ಟು ದೊಡ್ಡ ಕೆಲಸ ಅಂತ ನಡೆಯುವವರಿಗೆ ಗೊತ್ತಿರಲ್ಲ ಅಂತ ಕಾಣುತ್ತೆ.

ಇಲ್ಲೊಂದು ಗಮ್ಮತ್ತು. ಆಕೆ ನಂಬಿದ ಎರಡೂ ಎಳೆಗಳು ಆಮೇಲೆ ಸಡಿಲವಾದವು. ನೆದರ್ಲೆಂಡ್ಸಿನ ನೈಮೇಗನ್ನಿನಲ್ಲಿ ಒಂಬತ್ತನೇ ಲೀಜನ್ನಿನ ಮುದ್ರೆ ಇರುವ ಹೆಂಚುಗಳು ಸಿಕ್ಕವು. ಅಂದರೆ ಆ ದಳ, ಕೊನೆಪಕ್ಷ ಅದರ ಒಂದು ಭಾಗ, ಬ್ರಿಟನ್ ಬಿಟ್ಟು ಹೋಗಿರಬಹುದು. ನಾಶವಾಗಿದ್ದು ಆಮೇಲೆ ಯೆಹೂದ್ಯರ ದಂಗೆಯಲ್ಲೋ, ಪಾರ್ಥಿಯನ್ನರ ಯುದ್ಧದಲ್ಲೋ ಅನ್ನುವ ವಾದಗಳು ಬಂದವು. ಬ್ರಿಟನ್ನಿನಲ್ಲೇ ನಾಶವಾಯಿತು ಅನ್ನುವ ವಿದ್ವಾಂಸರೂ ಇದ್ದಾರೆ, ಜಗಳ ಮುಗಿದಿಲ್ಲ. ಸಿಲ್ಚೆಸ್ಟರಿನ ಹದ್ದಂತೂ ಸೈನ್ಯದ್ದೇ ಅಲ್ಲವಂತೆ, ಯಾವುದೋ ದೇವರ ಅಥವಾ ಚಕ್ರವರ್ತಿಯ ಪ್ರತಿಮೆಯ ಭಾಗ ಇರಬೇಕು ಅಂತ ಈಗಿನ ಅಭಿಪ್ರಾಯ. ನಮ್ಮ ಭಾಷೆಯಲ್ಲಿ ಹೇಳುವುದಾದರೆ ಎರಡು ಲೈಬ್ರರಿ ಮೇಲೆ ಇಡೀ ಪ್ರೋಗ್ರಾಮ್ ಕಟ್ಟಿದರು, ಎರಡರಲ್ಲೂ ಬಗ್ ಇತ್ತು, ಪ್ರೋಗ್ರಾಮ್ ಮಾತ್ರ ಇವತ್ತಿಗೂ ಓಡ್ತಾ ಇದೆ :)

ಯಾಕೆ ಓಡ್ತಾ ಇದೆ? ಹದ್ದು ತಂದ ಮೇಲೆ ಏನಾಗುತ್ತೆ ನೋಡಿ. ಲೀಜನ್ ಶತ್ರುಗಳಿಂದಷ್ಟೇ ಅಲ್ಲ, ಒಳಗಿನ ದಂಗೆಯಿಂದಲೂ ಹಾಳಾಗಿತ್ತು ಅಂತ ದಾರಿಯಲ್ಲಿ ಮಾರ್ಕಸ್‌ಗೆ ತಿಳಿಯುತ್ತದೆ. ಹೆಸರು ಕೆಟ್ಟ ದಳವನ್ನು ಮತ್ತೆ ಕಟ್ಟುವುದಿಲ್ಲ. ಪ್ರಾಣ ಒತ್ತೆಯಿಟ್ಟು ತಂದ ಹದ್ದನ್ನು ಚಿಕ್ಕಪ್ಪನ ದೇವರಮನೆಯ ನೆಲದಡಿ ಗುಟ್ಟಾಗಿ ಹೂಳುತ್ತಾರೆ. ಮೆರವಣಿಗೆ ಇಲ್ಲ, ಜೈಕಾರ ಇಲ್ಲ. ನಾವು ಚಿಕ್ಕಂದಿನಲ್ಲಿ ಓದಿದ ಐತಿಹಾಸಿಕ ಕಥೆಗಳಲ್ಲಿ ಗೆದ್ದರೆ ಸಿಂಹಾಸನ, ಸೋತರೆ ವೀರಸ್ವರ್ಗ. ಹನ್ನೆರಡು ವರ್ಷದ ಓದುಗರ ಕೈಗೆ "ಮಾಡಿದ್ದು ಯಾರಿಗೂ ಗೊತ್ತಾಗಲ್ಲ, ಕಾಲೂ ಸರಿಹೋಗಲ್ಲ, ಇನ್ನು ಬೇಸಾಯ ಮಾಡ್ಕೊಂಡಿರು" ಅನ್ನುವ ಮುಕ್ತಾಯ ಕೊಡಲು ಧೈರ್ಯ ಬೇಕು.

ಆದರೆ ನನಗೆ ಒಂದು ಮುಳ್ಳೂ ಚುಚ್ಚಿತು. ಮಾರ್ಕಸ್ ಯಾರು? ಇನ್ನೊಬ್ಬರ ನಾಡಿಗೆ ಬಂದು ಕೂತ ಸೈನ್ಯದ ಅಧಿಕಾರಿ. ಎಸ್ಕಾ ಯಾರು? ಆ ನಾಡಿನವನು, ಗೆದ್ದವರ ಗುಲಾಮ. ಬ್ರಿಟಿಷ್ ನೌಕಾಪಡೆಯ ಅಧಿಕಾರಿಯ ಮಗಳು, ಮುಂಬಯಿಯಲ್ಲಿ ಹುಟ್ಟಿದ ಕಿಪ್ಲಿಂಗನ ಕಥೆ ಕೇಳಿ ಬೆಳೆದವರು ಇದನ್ನು ಬರೆದಿದ್ದಾರೆ. ಕಿಪ್ಲಿಂಗನ 1906ರ 'ಪಕ್ ಆಫ್ ಪೂಕ್ಸ್ ಹಿಲ್'ನಲ್ಲೂ ಗೋಡೆ ಕಾಯುವ ರೋಮನ್ ಅಧಿಕಾರಿ ಇದ್ದಾನೆ, ಅವನ ಮಾತು ಕೇಳಿದರೆ ಪೇಶಾವರದ ಕಡೆಯ ಸಾಹೇಬರ ನೆನಪಾಗುತ್ತೆ. ಸಟ್‌ಕ್ಲಿಫ್ 1960ರಲ್ಲಿ ಕಿಪ್ಲಿಂಗ್ ಬಗ್ಗೆ ಒಂದು ಪುಟ್ಟ ಪುಸ್ತಕವನ್ನೇ ಬರೆದರು. ಹಾಗಾದರೆ ನಾನು ಮೆಚ್ಚುತ್ತಿರುವುದು ಯಾರನ್ನು? ವೇಷ ಬದಲಿಸಿದ ಕಲೆಕ್ಟರ್ ಸಾಹೇಬರನ್ನೇ?

ಪೂರ್ತಿ ಹಾಗಲ್ಲ. ಪುಸ್ತಕದಲ್ಲಿ ಒಂದು ಮಾತುಕತೆ ಬರುತ್ತದೆ. ಮಾರ್ಕಸ್‌ನ ಕಠಾರಿಯ ಒರೆಯ ಮೇಲಿನ ರೋಮನ್ ಚಿತ್ತಾರ ನೆಟ್ಟಗೆ, ಅಳತೆಗೆ ಸರಿಯಾಗಿದೆ. ತನ್ನ ಜನರ ಗುರಾಣಿಯ ಚಿತ್ತಾರ ಹರಿಯುವ ನೀರಿನ ಹಾಗೆ ಸುತ್ತಿ ಸುತ್ತಿ ಹೋಗುತ್ತದೆ. ಇದನ್ನು ಮಾಡುವವರಿಗೆ ಅದು ಹೇಗೆ ಅರ್ಥವಾಗಬೇಕು ಅಂತ ಎಸ್ಕಾ ವಿವರಿಸುತ್ತಾನೆ. ಗೆದ್ದವನು ಬಾಯಿಮುಚ್ಚಿ ಕೇಳುತ್ತಾನೆ. ಇಷ್ಟಾದರೂ ಎಸ್ಕಾನ ನಿಷ್ಠೆ ನನಗೆ ತೀರಾ ಸಲೀಸು ಅನ್ನಿಸಿತು. ಬಿಡುಗಡೆ ಸಿಕ್ಕಿದವನು ಅಷ್ಟು ಸುಲಭವಾಗಿ ಜೊತೆಗೇ ಉಳಿಯುತ್ತಾನೆಯೇ? ಹೆಣ್ಣು ಪಾತ್ರಗಳೂ ಇಲ್ಲಿ ತೆಳು.

ಈ ಮುಳ್ಳಿನ ಕಾರಣಕ್ಕೇ ನಾನು ಆಕೆಯ ಉಳಿದ ಪುಸ್ತಕಗಳನ್ನು ಹುಡುಕಿ ಓದಿದ್ದು. 1959ರ 'ದಿ ಲ್ಯಾಂಟರ್ನ್ ಬೇರರ್ಸ್'ನಲ್ಲಿ ಮಾರ್ಕಸ್‌ನ ವಂಶದವನೇ ಆದ ಅಕ್ವಿಲಾ ಬರುತ್ತಾನೆ. ಕಾಲ ಐದನೇ ಶತಮಾನ, ರೋಮ್ ತನ್ನ ಕೊನೆಯ ಸೈನಿಕರನ್ನು ವಾಪಸ್ ಕರೆಸಿಕೊಳ್ಳುತ್ತಿದೆ. ಹಡಗು ಹತ್ತಬೇಕಾದ ರಾತ್ರಿ ಅಕ್ವಿಲಾ ತಪ್ಪಿಸಿಕೊಂಡು ಉಳಿದುಬಿಡುತ್ತಾನೆ. ಮುನ್ನೂರು ವರ್ಷದ ಮೇಲೆ ಅವನ ಮನೆತನಕ್ಕೆ ರೋಮ್ ಪರದೇಶ, ಬ್ರಿಟನ್ನೇ ಊರು. ಹೋಗುವ ಮುಂಚೆ ಕರಾವಳಿಯ ದೀಪಸ್ತಂಭವನ್ನು ಕೊನೆಯ ಸಲ ಹೊತ್ತಿಸುತ್ತಾನೆ. ಆಮೇಲೆ ಎಲ್ಲ ಕತ್ತಲೆಯೇ. ಸ್ಯಾಕ್ಸನ್ನರು ಮನೆ ಸುಡುತ್ತಾರೆ, ಅಪ್ಪ ಸಾಯುತ್ತಾನೆ, ತಂಗಿಯನ್ನು ಹೊತ್ತೊಯ್ಯುತ್ತಾರೆ, ಇವನು ಕಡಲಾಚೆ ಗುಲಾಮ. ವರ್ಷಗಳ ನಂತರ ತಂಗಿ ಸಿಗುತ್ತಾಳೆ. ಓಡಿಹೋಗೋಣ ಬಾ ಅನ್ನುತ್ತಾನೆ. ಆಕೆ ಬರುವುದಿಲ್ಲ. ಹೊತ್ತೊಯ್ದವರ ಪೈಕಿಯವನೇ ಗಂಡ, ತೊಡೆಯ ಮೇಲೆ ಮಗು. ಇದು ಮಕ್ಕಳ ಪುಸ್ತಕ! ವಿಭಜನೆಯ ಕಾಲದ ಪಂಜಾಬಿನ ಕಥೆಗಳನ್ನು ಓದಿದವರಿಗೆ ಈ ಸನ್ನಿವೇಶ ಹೊಸದಲ್ಲ. ಆ ತಂಗಿಯ ತೀರ್ಮಾನವನ್ನು ಸಟ್‌ಕ್ಲಿಫ್ ಎಲ್ಲೂ ತಪ್ಪು ಅನ್ನುವುದಿಲ್ಲ, ಅಣ್ಣನ ಕಹಿಯನ್ನೂ ಸುಲಭವಾಗಿ ಕರಗಿಸುವುದಿಲ್ಲ. ಇದಕ್ಕೆ ಬ್ರಿಟನ್ನಿನ ಮಕ್ಕಳ ಸಾಹಿತ್ಯದ ದೊಡ್ಡ ಪ್ರಶಸ್ತಿ ಕಾರ್ನೆಗಿ ಪದಕ ಬಂತು. ನನ್ನ ಮಟ್ಟಿಗೆ ಹದ್ದಿಗಿಂತ ಒಂದು ಕೈ ಮೇಲು.

1978ರಲ್ಲಿ 'ಸಾಂಗ್ ಫಾರ್ ಎ ಡಾರ್ಕ್ ಕ್ವೀನ್' ಬಂತು, ಇದು ರೋಮನ್ನರ ವಿರುದ್ಧ ದಂಗೆ ಎದ್ದ ರಾಣಿ ಬೌಡಿಕಾಳ ಕಥೆ. ಕ್ರಿ.ಶ. 60ರ ಸುಮಾರಿಗೆ ಗಂಡ ಸತ್ತ ಮೇಲೆ ರಾಜ್ಯವನ್ನು ನುಂಗಲು ಬಂದ ಸಾಮ್ರಾಜ್ಯ, ತಿರುಗಿಬಿದ್ದ ರಾಣಿ. ಓದುವಾಗ ಕಿತ್ತೂರು ನೆನಪಾಗದ ಕನ್ನಡಿಗರು ಯಾರು? ಬೌಡಿಕಾಳ ಜನರ ಕೈಯಲ್ಲಿ ಪೆಟ್ಟು ತಿಂದ ರೋಮನ್ ದಳಗಳಲ್ಲಿ ಅದೇ ನಮ್ಮ ಒಂಬತ್ತನೇ ಲೀಜನ್ನೂ ಇತ್ತು! ಹೀಗೆ 24 ವರ್ಷದ ನಂತರ ಅದೇ ಸೈನ್ಯವನ್ನು ಆಚೆ ಕಡೆಯಿಂದ ನೋಡಿದರು.

ಅಂದ ಹಾಗೆ ರೋಮನ್ನರು ನಮಗೂ ಅಷ್ಟೇನೂ ದೂರದವರಲ್ಲ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕಿವೆ. 1947ರಲ್ಲಿ ಅಲ್ಲಿಯೂ ಬ್ರಹ್ಮಗಿರಿಯಲ್ಲಿಯೂ ಅಗೆಸಿದ ಮಾರ್ಟಿಮರ್ ವೀಲರ್ ಅದಕ್ಕೆ ಮುಂಚೆ, 1934ರಿಂದ 37ರವರೆಗೆ, ಇಂಗ್ಲೆಂಡಿನ ಮೇಡನ್ ಕಾಸಲ್ ಎಂಬ ಕೋಟೆ ಅಗೆದು ಇಲ್ಲಿ ರೋಮನ್ನರು ನುಗ್ಗಿ ಕೊಂದವರ ಸಮಾಧಿಗಳಿವೆ ಅಂದವರು. ಅದನ್ನೂ ಆಮೇಲೆ ಬಂದವರು ಪ್ರಶ್ನಿಸಿದರು. ಸಟ್‌ಕ್ಲಿಫ್ ಒಬ್ಬರೇ ಅಲ್ಲ, ಗುದ್ದಲಿ ಹಿಡಿದವರೂ ಕಥೆ ಕಟ್ಟುತ್ತಾರೆ.

ಇನ್ನೊಂದು ಪುಸ್ತಕದ ಹೆಸರು ಹೇಳದಿದ್ದರೆ ತಪ್ಪಾಗುತ್ತೆ. 1958ರ 'ವಾರಿಯರ್ ಸ್ಕಾರ್ಲೆಟ್'. ಕಂಚಿನ ಯುಗದ ಹುಡುಗ ಡ್ರೆಮ್, ಅವನ ಬಲಗೈ ಬತ್ತಿಹೋಗಿದೆ. ಅವನ ಕುಲದಲ್ಲಿ ಒಂಟಿಯಾಗಿ ತೋಳ ಕೊಂದವನಿಗೆ ಮಾತ್ರ ಯೋಧರ ಕೆಂಪು ಬಟ್ಟೆ. ಡ್ರೆಮ್ ಸೋಲುತ್ತಾನೆ, ಕುರಿ ಕಾಯುವವರ ಜೊತೆ ಸೇರಬೇಕಾಗುತ್ತೆ. ಮಾರ್ಕಸ್‌ನ ಕಾಲು, ಡ್ರೆಮ್‌ನ ಕೈ, 1970ರ 'ದಿ ವಿಚಸ್ ಬ್ರಾಟ್'ನ ಗೂನುಬೆನ್ನಿನ ಹುಡುಗ... ಒಂದಾದ ಮೇಲೊಂದು. ಆದರೆ ಯಾರೂ "ಅಯ್ಯೋ ಪಾಪ"ಗಳಲ್ಲ. ಅವರಿಗೆ ಸಿಟ್ಟು ಬರುತ್ತೆ, ಹೊಟ್ಟೆಕಿಚ್ಚು ಬರುತ್ತೆ, ಬೇರೆಯವರ ಕರುಣೆ ಕಂಡರೆ ಮೈ ಉರಿಯುತ್ತೆ. ಕರುಣೆ ಎಂಥ ಹಿಂಸೆ ಅಂತ ನನಗೂ ಎರಡನೇ ವಾರದಲ್ಲಿ ಸ್ವಲ್ಪ ತಿಳಿಯಿತು, ಲಿಫ್ಟಿನಲ್ಲಿ ಸಿಕ್ಕಿದವರೆಲ್ಲ ಮೊದಲು ಕಾಲು ನೋಡಿ ಆಮೇಲೆ ಮುಖ ನೋಡುತ್ತಿದ್ದರು.

1963ರಲ್ಲಿ ದೊಡ್ಡವರಿಗೆ ಅಂತ ಆರ್ಥರ್ ದೊರೆಯ ಕಥೆ 'ಸೋರ್ಡ್ ಅಟ್ ಸನ್‌ಸೆಟ್' ಬರೆದರು. ಮಾಂತ್ರಿಕರು ಯಾರೂ ಇಲ್ಲದ, ಕುದುರೆ ಬೆವರಿನ ವಾಸನೆಯ ಆರ್ಥರ್. 1965ರ 'ದಿ ಮಾರ್ಕ್ ಆಫ್ ದಿ ಹಾರ್ಸ್ ಲಾರ್ಡ್'ಗೆ ಬಂದ ಕಾಲದಲ್ಲಿ ಪ್ರಶಸ್ತಿ ಸಿಗಲಿಲ್ಲ. ಇಪ್ಪತ್ತು ವರ್ಷದ ನಂತರ, 1985ರಲ್ಲಿ, ಅಂಥ ಪುಸ್ತಕಗಳಿಗೆಂದೇ ಶುರುವಾದ ಫೀನಿಕ್ಸ್ ಪ್ರಶಸ್ತಿ ಮೊತ್ತಮೊದಲು ಅದಕ್ಕೇ ಸಂದಿತು. ಹದ್ದಿನ ಕಥೆ 1977ರಲ್ಲಿ ಬಿಬಿಸಿ ಧಾರಾವಾಹಿಯಾಯಿತು, 2011ರಲ್ಲಿ 'ದಿ ಈಗಲ್' ಅಂತ ಸಿನಿಮಾ ಆಯಿತು. ಸಿನಿಮಾ ನೋಡಿದೆ. ಪುಸ್ತಕವೇ ವಾಸಿ.

ನಂತರದ ವರ್ಷಗಳಲ್ಲಿ ಸಟ್‌ಕ್ಲಿಫ್ ಸಸೆಕ್ಸ್ ಪ್ರಾಂತ್ಯದ ವಾಲ್ಬರ್ಟನ್ ಹಳ್ಳಿಯಲ್ಲಿದ್ದರು. ಅಪ್ಪ ಬದುಕಿರುವವರೆಗೂ ಜೊತೆಗಿದ್ದರು, ಮನೆಯಲ್ಲಿ ನಾಯಿಗಳು. ಸೊಟ್ಟಗಾದ ಬೆರಳುಗಳಲ್ಲಿ ಪೆನ್ನು ಹಿಡಿದು ಕೈಯಲ್ಲೇ ಬರೆಯುತ್ತಿದ್ದರು. ಹಾಗೆ ಬರೆದದ್ದು ಐವತ್ತಕ್ಕೂ ಹೆಚ್ಚು ಪುಸ್ತಕ. ನಾನು ಎರಡು ಪುಟ ಕೈಯಲ್ಲಿ ಬರೆದರೆ ಮಣಿಕಟ್ಟು ನೋವು ಅಂತೀನಿ.

1992ರ ಜುಲೈ 23ರಂದು ತೀರಿಕೊಂಡರು, 71 ವರ್ಷ. ಅವತ್ತು ಬೆಳಿಗ್ಗೆ ಕೂಡ ಬರೆಯುತ್ತಿದ್ದರಂತೆ. ಟ್ರಾಯ್ ಯುದ್ಧದ ಕಥೆ 'ಬ್ಲ್ಯಾಕ್ ಶಿಪ್ಸ್ ಬಿಫೋರ್ ಟ್ರಾಯ್' ಮರುವರ್ಷ ಅಚ್ಚಾಯಿತು. ಬಿಟ್ಟುಹೋದ ಹಸ್ತಪ್ರತಿಯಿಂದ 'ಸೋರ್ಡ್ ಸಾಂಗ್' 1997ರಲ್ಲಿ ಬಂತು.

ಪ್ಲಾಸ್ಟರ್ ಬಿಚ್ಚಿದ ದಿನ ಹದ್ದಿನ ಪುಸ್ತಕವನ್ನು ಎಂಟನೇ ಕ್ಲಾಸಿನಲ್ಲಿರುವ ಅಕ್ಕನ ಮಗಳಿಗೆ ಕೊಟ್ಟೆ. ನಾಲ್ಕು ದಿನ ಬಿಟ್ಟು ಫೋನ್ ಮಾಡಿದಳು. ಹಲೋ ಕೂಡ ಇಲ್ಲ.

"ಮಾಮಾ, ಅವನ ಕಾಲು ಕೊನೇಗೂ ಸರಿ ಹೋಗೋದೇ ಇಲ್ವಾ?"

ಇಲ್ಲ ಕಣಮ್ಮಾ ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, ಮುಂದಿನ ಪುಸ್ತಕ ಯಾವಾಗ ತರ್ತೀಯ ಅಂತ ಕೇಳಿದಳು.